ಅಪೀಲಿನ ಕಾಲದ ರಾಜಿ: ದಾವಣಗೆರೆ–ಹರಿಹರ ಸೀಮೆಯ ನ್ಯಾಯಪರಂಪರೆ

ತುಂಗಭದ್ರೆಯೂ ಹರಿದ್ರಾನದಿಯೂ ಕೂಡುವ ಎಡೆಯಲ್ಲಿರುವ ಹರಿಹರಕ್ಕೆ ಪೂರ್ವದಲ್ಲಿ ಕೂಡಲೂರೆಂಬ ಹೆಸರಿದ್ದಿತು. ಹೊಯ್ಸಳ ಇಮ್ಮಡಿ ನರಸಿಂಹನ ಮಂತ್ರಿಯಾದ ಪೋಲಾಳ್ವ ದಂಡನಾಥನು 1224ರಲ್ಲಿ ಅಲ್ಲಿ ಹರಿಹರೇಶ್ವರಾಲಯವನ್ನು ಕಟ್ಟಿಸಿದನು. ಆ ಮೂರ್ತಿಯ ಬಲಭಾಗವು ಹರನದು, ಎಡಭಾಗವು ಹರಿಯದು. ಒಂದು ಇನ್ನೊಂದನ್ನು ಅಳಿಸಿಲ್ಲ. ಇಷ್ಟಲಿಂಗನಿಷ್ಠರಾದ ಶರಣಸಂತತಿಯವರಿಗೂ ಈ ನೆಲದ ಪಾಠವು ಗ್ರಾಹ್ಯವೇ ಸರಿ: ಉಭಯಪಕ್ಷಗಳೂ ತಂತಮ್ಮ ಮಾನವನ್ನು ಕಳೆದುಕೊಳ್ಳದೆ ಕೂಡಬಲ್ಲವು. ಆಸ್ತಿಯ ವ್ಯಾಜ್ಯದಲ್ಲಿ ಈ ಕೂಡಿಕೆಗೆ ರಾಜಿಯೆಂದು ಹೆಸರು.

ಅಪೀಲೆಂಬುದು ಹೊಸತಾಗಿ ಬಂದ ಪದ್ಧತಿಯೆಂದು ಕೆಲವರು ಭಾವಿಸುವುದುಂಟು, ಅದು ಸರಿಯಲ್ಲ. ಕಲ್ಯಾಣದಲ್ಲಿ ಆರನೆಯ ವಿಕ್ರಮಾದಿತ್ಯನ ಆಳ್ವಿಕೆಯಲ್ಲಿ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ರಚಿಸಿದ ಮಿತಾಕ್ಷರೆಯಲ್ಲಿ ಕುಲ, ಶ್ರೇಣಿ, ಪೂಗ, ರಾಜನಿಯುಕ್ತ ಸಭೆ ಎಂಬ ಏರುಕ್ರಮವು ಹೇಳಲ್ಪಟ್ಟಿದೆ. ಕುಲದ ನಿರ್ಣಯದಿಂದ ತೃಪ್ತನಾಗದವನು ಶ್ರೇಣಿಗೂ, ಅಲ್ಲಿಂದ ಮೇಲಕ್ಕೂ ಹೋಗಬಹುದಾಗಿದ್ದಿತು. ಆದರೆ ನ್ಯಾಯವಾಗಿ ಸೋತಿದ್ದರೂ ಸೋಲನ್ನೊಪ್ಪದೆ ಮರಳಿ ಬಂದು ಪುನಃ ಸೋತವನಿಗೆ ಇಮ್ಮಡಿ ದಂಡವನ್ನು ಸ್ಮೃತಿಯು ವಿಧಿಸಿರುವುದು. ಮೇಲಣ ಸಭೆಗೆ ಹೋಗುವ ಹಕ್ಕಿನೊಡನೆ ಅದರ ಅಪಾಯವನ್ನೂ ಪೂರ್ವಿಕರು ಅರಿತಿದ್ದರು.

ಮೈಸೂರು ಸಂಸ್ಥಾನದಲ್ಲಿ 1884ರಲ್ಲಿ ಚೀಫ್ ಕೋರ್ಟು ಸ್ಥಾಪಿತವಾಗಿ, 1930ರಲ್ಲಿ ಅದೇ ಹೈಕೋರ್ಟೆನಿಸಿತು. ಇಂದು ರಾಜಿಗೆ ಆಧಾರವಾಗಿರುವುದು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೆಯ ಆದೇಶದ 3ನೆಯ ನಿಯಮ. ದಾವೆಯಲ್ಲಿದ್ದಂತೆಯೇ ಅಪೀಲಿನಲ್ಲಿಯೂ ಇದು ಅನ್ವಯಿಸುವುದು. ಆಗ ಕೆಳಗಣ ಡಿಕ್ರಿಯ ಸ್ಥಾನದಲ್ಲಿ ರಾಜಿಯ ಡಿಕ್ರಿಯೇ ನಿಲ್ಲುವುದು. 1976ರ ತಿದ್ದುಪಡಿಯಿಂದ ರಾಜಿಯು ಬರವಣಿಗೆಯಲ್ಲಿದ್ದು, ಪಕ್ಷಗಾರರ ಸಹಿಯುಳ್ಳದ್ದಾಗಿರಬೇಕೆಂಬ ಕಟ್ಟಳೆಯು ಸೇರಿತು. ಚಂಡೀಗಢದ ಮನೆಯೊಂದನ್ನು ಕುರಿತ ಅಪೀಲಿನಲ್ಲಿ ಪಕ್ಷಗಾರರು ನ್ಯಾಯಾಲಯದ ಮುಂದೆ ಬಾಯಿಮಾತಿನಿಂದ ಒಪ್ಪಿದ್ದರೂ, ಬರೆದು ಸಹಿಮಾಡಿದ ಪತ್ರವಿಲ್ಲದ ಕಾರಣ ಅದು ಸಾಲದೆಂದು ಸುಪ್ರೀಂ ಕೋರ್ಟು ತೀರ್ಮಾನಿಸಿತು.

ದೃಷ್ಟಾಂತಕ್ಕಾಗಿ, ದಾವಣಗೆರೆಯ ಪೇಟೆಯ ಅಂಗಡಿಯೊಂದಕ್ಕಾಗಿ ಅಣ್ಣತಮ್ಮಂದಿರು ಹೋರಾಡಿ, ಕೆಳಗಣ ನ್ಯಾಯಾಲಯದಲ್ಲಿ ಅಣ್ಣನು ಗೆದ್ದು, ತಮ್ಮನು ಅಪೀಲು ಹೋದನೆಂದು ಭಾವಿಸೋಣ. ಅಂಗಡಿಯು ಅಣ್ಣನಿಗೂ, ದಾವೆಯಲ್ಲಿ ಸೇರದಿದ್ದ ಭದ್ರಾ ನಾಲೆಯ ಗದ್ದೆಯು ತಮ್ಮನಿಗೂ ಎಂದು ಅವರು ಒಪ್ಪಬಹುದು. ದಾವೆಯ ಹೊರಗಣ ವಿಷಯವನ್ನೂ ರಾಜಿಯಲ್ಲಿ ಸೇರಿಸಲು ಅದೇ ತಿದ್ದುಪಡಿಯು ಎಡೆಗೊಟ್ಟಿದೆ. ತೀರ್ಪು ಕೇಳಿದ್ದನ್ನು ಮಾತ್ರ ಕೊಡಬಲ್ಲುದು; ರಾಜಿಯು ಬೇಕಾದುದನ್ನು ಕೊಡಬಲ್ಲುದು. ಆದರೆ ದಾವೆಗೆ ಸೇರದ ಸ್ಥಿರಾಸ್ತಿಯು ಅಂಥ ಡಿಕ್ರಿಯಲ್ಲಿ ಬಂದರೆ ನೋಂದಣಿಯು ಆವಶ್ಯಕವೆಂಬುದನ್ನು ಮರೆಯಲಾಗದು. ಸಹಿಗೆ ಮುನ್ನ ವಿವೇಚನೆಯೂ ಬೇಕು. ಏಕೆಂದರೆ ಒಪ್ಪಿಗೆಯ ಡಿಕ್ರಿಯ ಮೇಲೆ ಅಪೀಲಿಲ್ಲ, ರಾಜಿಯು ಕಾನೂನುಬದ್ಧವಲ್ಲವೆಂದು ಬೇರೆ ದಾವೆ ಹೂಡುವುದಕ್ಕೂ ಅವಕಾಶವಿಲ್ಲ.

ಈ ಸೀಮೆಯಲ್ಲಿ ಸಂಧಾನವು ಮಠಗಳ ಅಂಗಳದಲ್ಲಿಯೂ ನಡೆದುಬಂದಿದೆ. ದಾವಣಗೆರೆಗೆ ಸಮೀಪದ ಸಿರಿಗೆರೆಯ ತರಳಬಾಳು ಬೃಹನ್ಮಠದ ಸದ್ಧರ್ಮ ನ್ಯಾಯಪೀಠವು ಭಕ್ತರ ವ್ಯಾಜ್ಯಗಳನ್ನು ಕೇಳಿ ಸಮಾಧಾನಗೊಳಿಸುವ ಕಾರ್ಯಕ್ಕಾಗಿ ಪ್ರಸಿದ್ಧವಾಗಿದೆ. ಗುರುಸನ್ನಿಧಿಯಲ್ಲಿ ಕೊಟ್ಟ ಮಾತು ಮನಸ್ಸನ್ನು ಕಟ್ಟುವುದು. ಆದರೆ ಅಪೀಲು ಬಾಕಿಯಿರುವಾಗ ಆ ಮಾತು ಪತ್ರವಾಗಿ ನ್ಯಾಯಾಲಯವನ್ನು ಸೇರದಿದ್ದರೆ ಡಿಕ್ರಿಯಾಗದು. 1987ರ ಕಾನೂನು ಸೇವಾ ಪ್ರಾಧಿಕಾರಗಳ ಅಧಿನಿಯಮದಂತೆ ಲೋಕ ಅದಾಲತ್ತಿನ ಐತೀರ್ಪು ಮಾತ್ರ ಸಿವಿಲ್ ಡಿಕ್ರಿಗೆ ಸಮವಾಗಿದ್ದು, ಅದರ ಮೇಲೆ ಅಪೀಲಿಲ್ಲ. ಕಟ್ಟಿದ ನ್ಯಾಯಾಲಯ ಶುಲ್ಕವು ಹಿಂದಿರುಗುವ ಏರ್ಪಾಡೂ ಉಂಟು. ಬೆಂಗಳೂರಿನ ಮಧ್ಯಸ್ಥಿಕೆ ಕೇಂದ್ರವು 2007ರಲ್ಲಿ ಆರಂಭವಾಯಿತು.

ಮಠವೇ ಪಕ್ಷವಾದಾಗ ವಿಷಯವು ಮತ್ತಷ್ಟು ಗಹನವಾಗುವುದು. ಮಠದ ಆಸ್ತಿಯು ಮಠಾಧಿಪತಿಯ ಸ್ವಂತ ಸೊತ್ತಲ್ಲವೆಂದು 1921ರಲ್ಲಿ ಪ್ರಿವಿ ಕೌನ್ಸಿಲು ವಿದ್ಯಾವಾರುತಿ ತೀರ್ಥರ ವ್ಯಾಜ್ಯದಲ್ಲಿ ಸ್ಪಷ್ಟಪಡಿಸಿತು. ಉಡುಪಿಯ ಶಿರೂರು ಮಠದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 1954ರಲ್ಲಿ ಆ ಪದವಿಯಲ್ಲಿ ಕರ್ತವ್ಯವೂ ಸ್ವಂತ ಹಿತಾಸಕ್ತಿಯೂ ಬೆರೆತಿರುವುವೆಂದಿತು. ಗೃಹಸ್ಥನು ಔದಾರ್ಯದಿಂದ ತನ್ನ ಪಾಲನ್ನು ಬಿಟ್ಟರೆ ಅದು ತ್ಯಾಗ; ದಾಸೋಹಕ್ಕೆಂದು ಭಕ್ತರು ಕೊಟ್ಟ ಭೂಮಿಯನ್ನು ಮಠಾಧಿಪತಿಯು ಸುಲಭವಾಗಿ ಬಿಟ್ಟುಕೊಟ್ಟರೆ ಅದು ತ್ಯಾಗವಲ್ಲ, ಪರಸ್ವದ ವ್ಯಯ. ಆದುದರಿಂದ ಮಠದ ರಾಜಿಗೆ ಮಠದ ಹಿತವೇ ಅಳತೆಗೋಲಾಗಿರತಕ್ಕದ್ದು.

ಹರಿಹರದ ಮೂರ್ತಿಯಲ್ಲಿ ಹರನ ಭಾಗವೆಲ್ಲಿ, ಹರಿಯ ಭಾಗವೆಲ್ಲಿ ಎಂಬುದು ಕಣ್ಣಿಗೆ ಕಾಣುವಂತೆ ಕೊರೆಯಲ್ಪಟ್ಟಿದೆ. ಒಳ್ಳೆಯ ರಾಜಿಪತ್ರವೂ ಅಂತಹುದೇ: ಕೂಡಿಸುವುದು, ಆದರೆ ಗೆರೆಯನ್ನು ಮಸುಕುಗೊಳಿಸದು.