ಡೊಳ್ಳಿಗೂ ಬೇಸ್‌ಗೂ ಒಂದು ಹೆಸರು ಬೇಕು
ದಾವಣಗೆರೆಯಲ್ಲಾಗಲಿ ಹರಿಹರದಲ್ಲಾಗಲಿ ಗಣಪತಿ ವಿಸರ್ಜನೆಯ ಮೆರವಣಿಗೆ ಹೊರಟಿತೆಂದರೆ ಡಿಜೆ ಬಾಕ್ಸುಗಳ ಬೇಸ್ ಎದೆಗೆ ಬಡಿಯುತ್ತದೆ. ಮೇಲೆ ತಮಟೆ, ನಾಸಿಕ್ ಢೋಲಿನ ಪೆಟ್ಟುಗಳನ್ನು ಕತ್ತರಿಸಿ ಜೋಡಿಸಿದ ರೀಮಿಕ್ಸ್ ಓಡುತ್ತಿರುತ್ತದೆ. ಆ ಟ್ರ್ಯಾಕ್ ಮಾಡಿದವರು ಯಾರೆಂದು ಕುಣಿಯುವವರು ಕೇಳುವುದಿಲ್ಲ, ಬಾರಿಸಿದವರ ಹೆಸರಂತೂ ದೂರವೇ ಉಳಿಯಿತು. ವೇಗದ ಪೆಟ್ಟು, ಆಳದ ಬೇಸ್ ಇವೆರಡನ್ನೇ ಬಂಡವಾಳ ಮಾಡಿಕೊಂಡ ಸಂಗೀತ ಬ್ರಿಟನ್ನಿನಲ್ಲಿ ‘ಡ್ರಮ್ ಆ್ಯಂಡ್ ಬೇಸ್’ ಎನಿಸಿಕೊಂಡು, ಒಬ್ಬೊಬ್ಬರ ಹೆಸರಿನ ಸ್ಟುಡಿಯೋ ಆಲ್ಬಮ್ಮಿನವರೆಗೆ ಬೆಳೆಯಿತು. ಆ ಬೆಳವಣಿಗೆಯನ್ನು ಗಮನಿಸಿದರೆ ನಮ್ಮಲ್ಲಿ ಲಯಕ್ಕೆ ಬರವಿಲ್ಲ, ಹೆಸರು ಹಾಕಿಕೊಂಡು ಕೃತಿ ಕೊಡುವ ರೂಢಿಗೆ ಬರವಿದೆ ಅನ್ನಿಸುತ್ತದೆ.

ಡ್ರಮ್ ಆ್ಯಂಡ್ ಬೇಸ್‌ನ ಬೇರು 1969ರ ಅಮೆರಿಕದ ಒಂದು ರೆಕಾರ್ಡಿನಲ್ಲಿದೆ. ‘ದಿ ವಿನ್‌ಸ್ಟನ್ಸ್’ ತಂಡದ ‘ಆಮೆನ್, ಬ್ರದರ್’ನಲ್ಲಿ ಗ್ರೆಗರಿ ಕೋಲ್ಮನ್ ನುಡಿಸಿದ ಏಳು ಸೆಕೆಂಡಿನಷ್ಟು ಡ್ರಮ್ ವಾದನವನ್ನು 1990ರ ದಶಕದ ಬ್ರಿಟಿಷ್ ಯುವಕರು ತುಂಡರಿಸಿ, ನಿಮಿಷಕ್ಕೆ 160ರಿಂದ 180 ಪೆಟ್ಟಿನ ವೇಗಕ್ಕೆ ಏರಿಸಿದರು. 1995ರಲ್ಲಿ ಬ್ರಿಟಿಷ್ ಸಂಗೀತಗಾರ ಗೋಲ್ಡಿ ‘ಟೈಮ್‌ಲೆಸ್’ ಆಲ್ಬಮ್ ತಂದಾಗ ಅದರ ಶೀರ್ಷಿಕೆ ಕೃತಿಯೇ ಸುಮಾರು 21 ನಿಮಿಷ. ಕುಣಿತದ ಸರಕನ್ನು ಜನ ಕೂತು ಕೇಳುವಂತಾಯಿತು. ತಬಲಾ ವಾದಕ ತಲ್ವಿನ್ ಸಿಂಗ್ ಇದೇ ಶೈಲಿಗೆ ತಬಲಾ ಬೆಸೆದು 1998ರಲ್ಲಿ ತಂದ ‘ಓಕೆ’ ಆಲ್ಬಮ್ಮಿಗೆ ಮರುವರ್ಷ ಬ್ರಿಟನ್ನಿನ ಮರ್ಕ್ಯುರಿ ಪ್ರಶಸ್ತಿಯೂ ಸಿಕ್ಕಿತು. ಕರ್ನಾಟಕದ ದಾರಿ ಬೇರೆ. ಮೃದಂಗ ವಾದಕ ಟಿ.ಎ.ಎಸ್. ಮಣಿ 1964ರಲ್ಲಿ ಬೆಂಗಳೂರಿನಲ್ಲಿ ಕಟ್ಟಿದ ಕರ್ನಾಟಕ ಕಾಲೇಜ್ ಆಫ್ ಪರ್ಕಷನ್, ಸ್ಯಾಕ್ಸೊಫೋನ್ ವಾದಕ ಚಾರ್ಲಿ ಮರಿಯಾನೊ ಜೊತೆ 1983ರಲ್ಲಿ ‘ಜ್ಯೋತಿ’ ಆಲ್ಬಮ್ ತಂದಿತು. 2012ರಲ್ಲಿ ಸಲ್ಕ್ ಸ್ಟೇಷನ್ ಜೋಡಿಯ ‘ಟಿಲ್ ಯು ಅಪಿಯರ್’ ಬಂತು, ಇದು ನಿಧಾನಗತಿಯ ಎಲೆಕ್ಟ್ರಾನಿಕ್ ಸಂಗೀತ. ಎರಡೂ ತಂಡಗಳು ಬೆಂಗಳೂರಿನವೇ, ಎರಡು ಆಲ್ಬಮ್ಮುಗಳಲ್ಲೂ ಡೊಳ್ಳು, ಸಮಾಳದಂಥ ಜನಪದ ವಾದ್ಯಗಳು ಮುಂದಿನ ಸಾಲಿಗೆ ಬರಲಿಲ್ಲ.

ಲಂಡನ್ನಿನ ಕ್ಲಬ್ಬಿನ ಸಂಗೀತ ನಮಗೇಕೆ ಎನ್ನುವವರು ಡೊಳ್ಳನ್ನೇ ನೋಡಲಿ: ಒಂದು ಮುಖಕ್ಕೆ ಕೋಲು, ಇನ್ನೊಂದಕ್ಕೆ ಬರಿಗೈ, ಚುರುಕು ಪೆಟ್ಟೂ ಗುಡುಗೂ ಒಂದೇ ವಾದ್ಯದಲ್ಲಿವೆ. ಯೂಟ್ಯೂಬ್ ಕಾಲದಲ್ಲಿ ಆಲ್ಬಮ್ ಯಾರಿಗೆ ಬೇಕು ಎಂಬ ಮಾತಿಗೆ ತೂಕವಿದೆ. ಗಾಯಕ ಮಾಳು ನಿಪನಾಳರ ‘ನಾ ಡ್ರೈವರ್’ ಒಂದೇ ಹಾಡಾಗಿ ಊರೂರು ಮುಟ್ಟಿತು. ಆದರೆ ಬಿಡಿ ಹಾಡು ಮೆರವಣಿಗೆಯನ್ನೇ ನೆಚ್ಚಿಕೊಂಡರೆ ಅದರ ಆಯಸ್ಸು ಬಾಕ್ಸಿನ ಸದ್ದಿನಷ್ಟೇ. ಆ ಸದ್ದಿಗೂ 2000ದ ಶಬ್ದಮಾಲಿನ್ಯ ನಿಯಮಗಳ ಕಡಿವಾಣವಿದೆ: ವಸತಿ ಪ್ರದೇಶದಲ್ಲಿ ಹಗಲು 55 ಡೆಸಿಬಲ್, ರಾತ್ರಿ 45. ಹೆಡ್‌ಫೋನಿನಲ್ಲಿ ಕೇಳುವ ಕೃತಿಗೆ ಈ ತಕರಾರಿಲ್ಲ.

ಎಲ್ಲಕ್ಕಿಂತ ಗಟ್ಟಿಯಾದ ಆಕ್ಷೇಪ ಇನ್ನೊಂದಿದೆ. ಡೊಳ್ಳು ಮೇಳದ ಕಲೆ. ಅದನ್ನು ಲ್ಯಾಪ್‌ಟಾಪ್ ಮುಂದೆ ಕೂತ ಒಬ್ಬರು ತಮ್ಮ ಹೆಸರಿನಲ್ಲಿ ಮಾರಿದರೆ ಮೇಳದವರ ಗತಿಯೇನು? ಈ ಭಯ ಸುಳ್ಳಲ್ಲ. ಲೆಕ್ಕವಿಲ್ಲದಷ್ಟು ಟ್ರ್ಯಾಕುಗಳಿಗೆ ಆಧಾರವಾದ ಕೋಲ್ಮನ್ ಅವುಗಳಿಂದ ರಾಯಧನ ಕಾಣದೆ 2006ರಲ್ಲಿ ತೀರಿಕೊಂಡರು. ಆದರೆ ಹೆಸರಿಲ್ಲದ ರೀಮಿಕ್ಸಿನಲ್ಲಿ ಮೇಳಕ್ಕೆ ಈಗಲೂ ಏನೂ ಸಿಗುತ್ತಿಲ್ಲ; ಕೇಳೋಣವೆಂದರೆ ಎದುರಿಗೆ ಆಸಾಮಿಯೇ ಇಲ್ಲ. ಆಲ್ಬಮ್ಮಿಗೆ ಹೊಣೆಗಾರರಿರುತ್ತಾರೆ, ಭಾರತದ ಕೃತಿಸ್ವಾಮ್ಯ ಕಾಯ್ದೆಯ 2012ರ ತಿದ್ದುಪಡಿಯೂ ವಾಣಿಜ್ಯ ಬಳಕೆಯಲ್ಲಿ ಕಲಾವಿದರಿಗೆ ರಾಯಧನದ ಹಕ್ಕು ಕೊಟ್ಟಿದೆ. ದಾವಣಗೆರೆ–ಹರಿಹರದ ಟ್ರ್ಯಾಕ್ ತಯಾರಕರು ಮೆರವಣಿಗೆಯ ಆರ್ಡರು ಮುಗಿಸಿ ತಮ್ಮದೇ ಆಲ್ಬಮ್ಮಿಗೆ ಕೈ ಹಾಕಲಿ. ರೆಕಾರ್ಡಿಂಗಿಗೆ ಮೊದಲೇ ಡೊಳ್ಳಿನವರ ಹೆಸರನ್ನೂ ಪಾಲನ್ನೂ ಕಾಗದದ ಮೇಲೆ ಬರೆದುಕೊಡಲಿ.