ಕತ್ತರಿ ಯಾರ ಕೈಲಿತ್ತು?

1969ರ ಆಗಸ್ಟ್‌ನಲ್ಲಿ ನ್ಯೂಯಾರ್ಕ್ ರಾಜ್ಯದ ಬೆಥೆಲ್ ಅನ್ನೋ ಊರಿನ ಹೊಲವೊಂದರಲ್ಲಿ ವುಡ್‌ಸ್ಟಾಕ್ ರಾಕ್ ಸಂಗೀತ ಮೇಳ ನಡೀತು. ಲಕ್ಷಾಂತರ ಜನ ಸೇರಿದ್ರು. ಮರುವರ್ಷ ಅದರಿಂದ ಹೊರಬಂದದ್ದು ಮೂರು ಗಂಟೆಯ ಸಿನಿಮಾ, ಮೂರು ಎಲ್‌ಪಿ ರೆಕಾರ್ಡು. ಜಗತ್ತು ಅದನ್ನೇ ವುಡ್‌ಸ್ಟಾಕ್ ಅಂತ ನಂಬ್ತು. ಆದ್ರೆ ಆ ರೆಕಾರ್ಡಲ್ಲಿದ್ದ ಕ್ರಾಸ್ಬಿ, ಸ್ಟಿಲ್ಸ್, ನ್ಯಾಶ್ ಮತ್ತು ಯಂಗ್ ತಂಡದ ಒಂದು ಹಾಡಿನ ಧ್ವನಿಮುದ್ರಣ ಆ ಹೊಲದ್ದೇ ಅಲ್ಲ, ಆಮೇಲೆ ಬೇರೆ ಕಡೆ ಮಾಡಿದ್ದು!

ಐವತ್ತು ವರ್ಷದ ನಂತರ, 2019ರಲ್ಲಿ, ಹಳೇ ಟೇಪುಗಳನ್ನೆಲ್ಲ ಹುಡುಕಿ 38 ಸಿಡಿಗಳ ಪೆಟ್ಟಿಗೆ ತಂದ್ರು. ಸುಮಾರು 36 ಗಂಟೆ. ಯಾರ ನಂತರ ಯಾರು ಹಾಡಿದ್ರು, ಮಧ್ಯೆ ಮೈಕಲ್ಲಿ ಏನೇನು ಕೂಗಿದ್ರು, ಎಲ್ಲಾ ಇದೆ. ಸಿನಿಮಾ ಕಟ್ಟಿದ ದಂತಕಥೆ ಹೋಗಿ ಮನುಷ್ಯರು ಕಾಣ್ತಾರೆ. ಇದೇ ಕತ್ತರಿ ಹಾಕದ ಧ್ವನಿಮುದ್ರಣದ ಸೆಳೆತ.

ತೊಡಕೂ ಇವೆ. ತಂತಿ ಬಿಗಿ ಮಾಡೋದನ್ನ, ಅಪಸ್ವರವನ್ನ ಎಷ್ಟೊತ್ತು ಕೇಳ್ತೀರಿ? ಮಾಡಿದ್ದು 1,969 ಪ್ರತಿ ಮಾತ್ರ, ಬೆಲೆ ಆಗ ಸುಮಾರು 800 ಡಾಲರ್ ಇತ್ತು. ಬಡವರಿಗೆ ಎಟುಕೋ ಇತಿಹಾಸ ಅಲ್ಲ. ಇನ್ನೊಂದು: ಕ್ರೀಡೆನ್ಸ್ ಕ್ಲಿಯರ್‌ವಾಟರ್ ರಿವೈವಲ್ ತಂಡದ ಜಾನ್ ಫೋಗರ್ಟಿ ಅವತ್ತಿನ ತಮ್ಮ ಪ್ರದರ್ಶನ ಚೆನ್ನಾಗಿಲ್ಲ ಅಂತ ಸಿನಿಮಾಗೆ ಕೊಡಲೇ ಇಲ್ಲ. ತನ್ನ ಹಾಡಿಗೆ ತಾನೇ ಕತ್ತರಿ ಹಾಕೋದು ಕಲಾವಿದನ ಹಕ್ಕು. ಅದನ್ನ ನಾನು ಒಪ್ತೀನಿ.

ಒಪ್ಪಲಾಗದ್ದು ಬೇರೆ ಇದೆ. ಕೊನೇ ದಿನ ಬೆಳಗ್ಗೆ ಜಿಮಿ ಹೆಂಡ್ರಿಕ್ಸ್ ಜೊತೆ ಗಿಟಾರ್ ನುಡಿಸಿದವರು ಲ್ಯಾರಿ ಲೀ. ಹೆಂಡ್ರಿಕ್ಸ್‌ರ ಹಳೇ ಗೆಳೆಯ, ಕಪ್ಪು ಕಲಾವಿದ, ವಿಯೆಟ್ನಾಂನಿಂದ ಆಗಷ್ಟೇ ಮರಳಿದ್ದ ಸೈನಿಕ. ಹೆಂಡ್ರಿಕ್ಸ್ ಅದೇ ವೇದಿಕೆ ಮೇಲೆ ಅವರಿಗೆ ಹಾಡೋಕೆ ಅವಕಾಶ ಕೊಟ್ರು. 1999ರಲ್ಲಿ ಹೆಂಡ್ರಿಕ್ಸ್‌ರ ವುಡ್‌ಸ್ಟಾಕ್ ಆಲ್ಬಮ್ ಬಂದಾಗ ಲೀ ಹಾಡಿದ್ದು ಅದರಲ್ಲಿಲ್ಲ. 2019ರ ಪೆಟ್ಟಿಗೆಯಲ್ಲೂ ಇಲ್ಲ: ಹೆಂಡ್ರಿಕ್ಸ್ ಸ್ವತ್ತಿನ ಹಕ್ಕುದಾರರು ಬೇಡ ಅಂದ್ರು. ಸೇರಿಸೋಷ್ಟು ಚೆನ್ನಾಗಿಲ್ಲ ಅನ್ನೋ ಕಾರಣ. ಇರಬಹುದು. ಆದ್ರೆ ಬೇರೆಯವರ ಅಪಸ್ವರಕ್ಕೆ 38 ಸಿಡಿಯಲ್ಲಿ ಜಾಗ ಸಿಕ್ತಲ್ಲ?

ಹಾಗಾಗಿ 'ಪೂರ್ತಿ', 'ಅಖಂಡ' ಅಂತ ಬರೆದ ಪೆಟ್ಟಿಗೆ ಕಂಡಾಗ ಖುಷಿಪಡಿ, ಕೇಳಿ. ಜೊತೆಗೆ ಯಾರ ದನಿ ಇಲ್ಲ, ತೆಗೆದವರು ಯಾರು ಅಂತಲೂ ಕೇಳಿ. ಹೆಂಡ್ರಿಕ್ಸ್ ತಾವೇ ಮೈಕ್ ಬಿಟ್ಟುಕೊಟ್ಟಿದ್ರು. ಕಿತ್ಕೊಂಡಿದ್ದು ಅವರು ಸತ್ತ ಮೇಲೆ ಟೇಪಿನ ಯಜಮಾನಿಕೆ ಸಿಕ್ಕವರು.