ಸೌಟಿನ ಸದ್ದು

1960ರ ದಶಕದ ಕೊನೆಗೆ ಒಬ್ಬರೇ ಹೊರಬಹುದಾದ ವಿಡಿಯೊ ಕ್ಯಾಮೆರಾ ಬಂತು. ಸ್ಟುಡಿಯೊದ ಹಂಗಿಲ್ಲದೆ ದಿನನಿತ್ಯದ ಬದುಕೂ ಕಲೆಯ ವಸ್ತುವಾಯಿತು. 1975ರಲ್ಲಿ ಅಮೆರಿಕದ ಮಾರ್ಥಾ ರೋಸ್ಲರ್ ಮಾಡಿದ ‘ಸೆಮಿಯಾಟಿಕ್ಸ್ ಆಫ್ ದಿ ಕಿಚನ್’ ಸುಮಾರು 6 ನಿಮಿಷಗಳ ಕಪ್ಪು-ಬಿಳುಪು ವಿಡಿಯೊ. ಟಿವಿಯ ಅಡುಗೆ ಕಾರ್ಯಕ್ರಮದ ಅಣಕವಿದು. ಆದರೆ ಅಡುಗೆಯೇ ಆಗುವುದಿಲ್ಲ. ಇಂಗ್ಲಿಷ್ ಅಕ್ಷರಗಳ ಕ್ರಮದಲ್ಲಿ ಪಾತ್ರೆ-ಪರಿಕರಗಳ ಹೆಸರು ಹೇಳುತ್ತಾ, ಒಂದೊಂದನ್ನೂ ಕೈಗೆತ್ತಿಕೊಂಡು ತೋರಿಸುತ್ತಾರೆ. ಸೌಟಿನಲ್ಲಿ ಇಲ್ಲದ ಸಾರನ್ನು ಪಕ್ಕಕ್ಕೆ ಎಸೆಯುತ್ತಾರೆ. ಮುಖದಲ್ಲಿ ನಗುವಿಲ್ಲ, ಸಿಟ್ಟೆಲ್ಲ ಕೈಯಲ್ಲಿದೆ. ಕೊನೆಗೆ ಭುಜ ಹಾರಿಸಿ ಸುಮ್ಮನಾಗುತ್ತಾರೆ.

ಸಂಶೋಧನೆಗೆಂದು ಇದನ್ನು ನೋಡುತ್ತಿದ್ದಾಗ ಒಳಗೆ ಅಮ್ಮ ಪಾತ್ರೆ ಕುಕ್ಕಿದ ಸದ್ದು. ಚಿಕ್ಕಂದಿನಿಂದ ಕೇಳಿದ ಸದ್ದೇ. ಅದೂ ಒಂದು ಮಾತಿರಬಹುದೆಂದು ಹೊಳೆದದ್ದು ಅಂದೇ. ಎದ್ದು ಹೋಗಿ ಏನಾಯಿತೆಂದು ಕೇಳಿದೆ.

“ಏನಿಲ್ಲ, ನೀನು ಓದ್ಕೊ ಹೋಗು” ಎಂದಳು.